ಪಟ್ಟ ಕಟ್ಟಿದ ಸಂತರು, ಶಾಪ ಕೊಟ್ಟ ಸಂತರು

ಐರ್ಲೆಂಡ್ ಮತ್ತು ಸ್ಕಾಟ್ಲೆಂಡಿನ ಹಳೆಯ ಗೇಲಿಕ್ ಅರಸರ ಕಥೆಗಳು ನಮ್ಮವರೆಗೆ ಬಂದಿರುವುದು ಮಠಗಳ ಲೇಖನಿಯಿಂದ. ಆ ಲೇಖನಿ ಹಿಡಿದವರಲ್ಲಿ ಅನೇಕರು ಅರಸರ ದಾಯಾದಿಗಳೇ ಆಗಿದ್ದರು.

ದೇವದೂತನೊಬ್ಬ ಗಾಜಿನ ಪುಸ್ತಕ ಹಿಡಿದು ಬಂದ. ಡಾಲ್ ರಿಯಾಟದ ಮುಂದಿನ ಅರಸ ಯಾರು ಎಂಬುದು ಅದರಲ್ಲಿ ಬರೆದಿತ್ತು: ಗಬ್ರಾನನ ಮಗ ಏಡಾನ್. ಓದಿದ ಸಂತ ಕೊಲಂಬಾಗೆ ಅದು ಹಿಡಿಸಲಿಲ್ಲ. ಆತನ ಒಲವು ಇದ್ದದ್ದು ಏಡಾನನ ಸಹೋದರ ಯೋಗೆನಾನನ ಮೇಲೆ. ದೇವದೂತ ವಾದಕ್ಕೆ ನಿಲ್ಲಲಿಲ್ಲ, ಚಾವಟಿ ಎತ್ತಿ ಬಾರಿಸಿದ. ಪಕ್ಕೆಯ ಮೇಲಿನ ಬಾಸುಂಡೆ ಸಂತನಿಗೆ ಸಾಯುವ ತನಕ ಉಳಿಯಿತಂತೆ. ಮೂರು ರಾತ್ರಿ ಇದೇ ಪುಸ್ತಕ, ಇದೇ ಆಜ್ಞೆ. ಕೊನೆಗೆ ಕೊಲಂಬಾ ಐಯೋನಾ ದ್ವೀಪಕ್ಕೆ ಬಂದು, ಅಲ್ಲಿಗೆ ಬಂದಿದ್ದ ಏಡಾನನ ತಲೆಯ ಮೇಲೆ ಕೈಯಿಟ್ಟು ಪಟ್ಟ ಕಟ್ಟಿದ.

ಇದು 574ರ ಸುಮಾರಿನ ಸಂಗತಿ. ಸಂತನೊಬ್ಬ ಅರಸನಿಗೆ ಪಟ್ಟ ಕಟ್ಟಿದ್ದನ್ನು ಇಷ್ಟು ವಿವರವಾಗಿ ಹೇಳುವ ಇದಕ್ಕಿಂತ ಹಳೆಯ ಕಥೆ ಬ್ರಿಟಿಷ್ ದ್ವೀಪಗಳಲ್ಲಿ ಸಿಗುವುದಿಲ್ಲ. ಆದರೆ ಇದನ್ನು ಬರೆದದ್ದು ಕೊಲಂಬಾ ತೀರಿಕೊಂಡು ನೂರು ವರ್ಷವಾದ ಮೇಲೆ. ಬರೆದವನು ಕೊಲಂಬಾ ಅದೇ ಐಯೋನಾದಲ್ಲಿ ಕಟ್ಟಿದ ಮಠದ ಒಂಬತ್ತನೆಯ ಮಠಾಧೀಶ ಅಡೋಮ್ನಾನ್. 574ರಲ್ಲಿ ನಿಜಕ್ಕೂ ಏನು ನಡೆಯಿತು ಎಂದು ಎಷ್ಟು ಕೆದಕಿದರೂ ಉತ್ತರ ಸಿಗುವುದಿಲ್ಲ. 690ರ ದಶಕದಲ್ಲಿ ಐಯೋನಾದ ಮಠಾಧೀಶನಿಗೆ ಏನು ನಡೆದಿರಬೇಕು ಎನಿಸಿತ್ತು ಎಂಬುದಕ್ಕೆ ಮಾತ್ರ ಸ್ಪಷ್ಟ ಉತ್ತರವಿದೆ: ಡಾಲ್ ರಿಯಾಟದ ಗದ್ದುಗೆ ನಮ್ಮ ಮಠದ ಕೈಯಿಂದ ದಾಟಿ ಹೋದದ್ದು, ನೆನಪಿರಲಿ.

ರಾಜಕುಮಾರ ಸನ್ಯಾಸಿಯಾದಾಗ

ಡಾಲ್ ರಿಯಾಟ ಸಮುದ್ರದ ಎರಡೂ ದಡಗಳಲ್ಲಿ ಹರಡಿದ್ದ ರಾಜ್ಯ. ಅದರ ಒಂದು ಕಾಲು ಐರ್ಲೆಂಡಿನ ಈಶಾನ್ಯದಲ್ಲಿ, ಇನ್ನೊಂದು ಸ್ಕಾಟ್ಲೆಂಡಿನ ಅರ್ಗೈಲ್ ಕರಾವಳಿಯಲ್ಲಿ. ಕೊಲಂಬಾ ಆ ರಾಜ್ಯದವನಲ್ಲ. ಹುಟ್ಟಿದ್ದು ಸುಮಾರು 521ರಲ್ಲಿ, ಐರ್ಲೆಂಡಿನ ಡೊನೆಗಾಲ್ ಸೀಮೆಯಲ್ಲಿ. ಉತ್ತರ ಐರ್ಲೆಂಡನ್ನು ಆಳುತ್ತಿದ್ದ ಉಯ್ ನೇಲ್ ಮನೆತನದ ಕುಡಿ. ದೀಕ್ಷೆ ತೆಗೆದುಕೊಳ್ಳದೆ ಹೋಗಿದ್ದರೆ ಗದ್ದುಗೆಗೆ ಹಕ್ಕುದಾರನಾಗಿ ನಿಲ್ಲಬಹುದಾಗಿದ್ದ ಆಸಾಮಿ.

561ರಲ್ಲಿ ಕೂಲ್ ಡ್ರೆಮ್ನೆ ಎಂಬಲ್ಲಿ ಈತನ ದಾಯಾದಿಗಳು, ಐರ್ಲೆಂಡಿನಲ್ಲಿ ಹಿರಿಯ ಪಟ್ಟ ಎನಿಸಿದ್ದ ಟಾರಾದ ಅರಸ ಡಿಯರ್ಮತ್‌ನನ್ನು ಸೋಲಿಸಿದರು. ಎರಡು ವರ್ಷದ ಬಳಿಕ, 563ರಲ್ಲಿ, ಕೊಲಂಬಾ ಹನ್ನೆರಡು ಶಿಷ್ಯರೊಂದಿಗೆ ದೋಣಿ ಹತ್ತಿದ. ಈ ಎರಡು ಘಟನೆಗಳ ನಡುವೆ ಕಥೆಗಾರರು ಒಂದು ಪುಸ್ತಕವನ್ನು ತಂದಿಟ್ಟಿದ್ದಾರೆ. ಕೊಲಂಬಾ ತನ್ನ ಗುರು ಫಿನ್ನಿಯನ್‌ನ ಕೀರ್ತನೆಗಳ ಗ್ರಂಥವನ್ನು ಕದ್ದುಮುಚ್ಚಿ ನಕಲು ಮಾಡಿಕೊಂಡ. ಗುರು ಪ್ರತಿಯನ್ನು ಕೇಳಿದ. ವ್ಯಾಜ್ಯ ಡಿಯರ್ಮತ್‌ನ ಮುಂದೆ ಹೋಯಿತು. ಹಸು ಯಾರದೋ ಕರುವೂ ಅವರದೇ ಆದ ಮೇಲೆ ಪ್ರತಿಯೂ ಮೂಲದ ಒಡೆಯನಿಗೇ ಸಲ್ಲಬೇಕೆಂದು ಅರಸ ತೀರ್ಪು ಕೊಟ್ಟ. ಸಿಟ್ಟಿಗೆದ್ದ ಕೊಲಂಬಾ ತನ್ನ ಕುಲದವರನ್ನು ಯುದ್ಧಕ್ಕೆ ಎಬ್ಬಿಸಿದ. ಹೆಣಗಳು ಬಿದ್ದವು, ಪಶ್ಚಾತ್ತಾಪಕ್ಕೆಂದು ದೇಶ ಬಿಟ್ಟ.

ಕಾಪಿರೈಟ್ ವಕೀಲರಿಗೆ ಈ ಕಥೆ ಬಲು ಪ್ರಿಯ. ಆದರೆ ಪುಸ್ತಕ ಜಗಳದ ಸುದ್ದಿ ಅಡೋಮ್ನಾನನಲ್ಲಿ ಇಲ್ಲವೇ ಇಲ್ಲ. ಕ್ಷುಲ್ಲಕ ಕಾರಣಕ್ಕೆ ಒಂದು ಧರ್ಮಸಭೆ ಕೊಲಂಬಾನನ್ನು ಅನ್ಯಾಯವಾಗಿ ಬಹಿಷ್ಕರಿಸಿತ್ತು ಎಂದಷ್ಟೇ ಆತ ಹೇಳಿ ಮುಂದೆ ಸಾಗುತ್ತಾನೆ. ಹಸು-ಕರುವಿನ ತೀರ್ಪನ್ನು ರಸವತ್ತಾಗಿ ಹೇಳುವುದು 1532ರಲ್ಲಿ ಮಾನುಸ್ ಓಡೊನೆಲ್ ಬರೆಸಿದ ಚರಿತೆ. ಓಡೊನೆಲ್‌ಗಳು ಸಂತನ ಕುಲದವರೇ, ಮತ್ತು ಆ ಜಗಳದ ಪ್ರತಿ ಎಂದು ನಂಬಲಾದ ಹಸ್ತಪ್ರತಿ ಅವರ ಮನೆತನದ ಸ್ವತ್ತಾಗಿತ್ತು! ಸ್ವತ್ತಿನ ಬೆಲೆ ಏರಿಸುವ ಕಥೆಯನ್ನು ಸ್ವತ್ತಿನ ಒಡೆಯನೇ ಬರೆಸಿದ.

ಕಾಥಾಖ್ ಎಂಬ ಆ ಹಸ್ತಪ್ರತಿ ಇಂದು ಡಬ್ಲಿನ್ನಿನ ರಾಯಲ್ ಐರಿಶ್ ಅಕಾಡೆಮಿಯಲ್ಲಿದೆ. ಕರುವಿನ ಚರ್ಮದ 58 ಹಾಳೆಗಳು ಉಳಿದಿವೆ. ಪ್ರತಿ ಕೀರ್ತನೆಯ ಮೊದಲ ಅಕ್ಷರ ದೊಡ್ಡದು, ಅದರ ಪಕ್ಕದ ಅಕ್ಷರಗಳು ಒಂದೊಂದೇ ಮೆಟ್ಟಿಲು ಇಳಿದಂತೆ ಸಣ್ಣದಾಗುತ್ತಾ ಸಾಲಿನ ಅಳತೆಗೆ ಬಂದು ಸೇರುತ್ತವೆ. ಮುಂದೆ ಐರಿಶ್ ಗ್ರಂಥಗಳಲ್ಲಿ ಅರಳಿದ ಅಲಂಕಾರದ ಮೊಳಕೆ ಇಲ್ಲಿದೆ. ಹನ್ನೊಂದನೆಯ ಶತಮಾನದ ಕೊನೆಗೆ ಓಡೊನೆಲ್ ಕುಲದ ಒಡೆಯನೊಬ್ಬ ಇದಕ್ಕೆ ಬೆಲೆಬಾಳುವ ಪೆಟ್ಟಿಗೆ ಮಾಡಿಸಿದ. ಯುದ್ಧಕ್ಕೆ ಮುನ್ನ ಪೆಟ್ಟಿಗೆಯನ್ನು ಹೊತ್ತು ಸೈನ್ಯದ ಸುತ್ತ ಮೂರು ಬಾರಿ ಪ್ರದಕ್ಷಿಣೆ ಹಾಕಿದರೆ ಗೆಲುವು ಖಂಡಿತ ಎಂಬ ನಂಬಿಕೆ ಇತ್ತು.

ಆದ ಮೇಲೆ ನುಡಿದ ಭವಿಷ್ಯ

ಏಡಾನನ ಪಟ್ಟಕ್ಕೆ ಮರಳೋಣ. ಅಡೋಮ್ನಾನನ ಕೃತಿಯ ಅತಿ ಹಳೆಯ ಪ್ರತಿ ಈಗ ಸ್ವಿಟ್ಜರ್ಲೆಂಡಿನ ಷಾಫ್‌ಹೌಸನ್ ಪಟ್ಟಣದಲ್ಲಿದೆ. ಅದನ್ನು ನಕಲು ಮಾಡಿದವನು 713ರಲ್ಲಿ ತೀರಿಕೊಂಡ ಐಯೋನಾದ ಡೊರ್ಬೇನೆ. ಪಟ್ಟದ ಪ್ರಸಂಗ ಬಂದ ಕಡೆ ಈತ ಅಡೋಮ್ನಾನನಿಗಿಂತ ಹಿಂದಿನ ಮಠಾಧೀಶ ಕುಮ್ಮೇನೆಯ ಪುಸ್ತಕದಿಂದ ಒಂದು ತುಣುಕನ್ನು ತಂದು ಸೇರಿಸಿದ್ದಾನೆ. ಅದರ ಸಾರ ಇಷ್ಟು: ಪಟ್ಟ ಕಟ್ಟುವಾಗ ಕೊಲಂಬಾ ಏಡಾನನನ್ನು ಎಚ್ಚರಿಸಿದ್ದ. ನನಗೂ ನನ್ನ ಬಂಧುಗಳಿಗೂ ದ್ರೋಹ ಬಗೆಯದಿರುವ ತನಕ ನಿನ್ನ ವಂಶಕ್ಕೆ ರಾಜ್ಯ ಉಳಿಯುತ್ತದೆ, ತಪ್ಪಿದರೆ ಕೈಜಾರುತ್ತದೆ.

ಕುಮ್ಮೇನೆ ಈ ಮಾತು ಬರೆಯುವ ಹೊತ್ತಿಗೆ ಎಲ್ಲವೂ ಆಗಿಹೋಗಿತ್ತು. ಏಡಾನನ ಮೊಮ್ಮಗ ಡೊಮ್ನಾಲ್ ಬ್ರೆಕ್ 637ರಲ್ಲಿ ಮಾಗ್ ರಾಥ್ ಕದನದಲ್ಲಿ ಸಂತನ ಬಂಧುಗಳಾದ ಉಯ್ ನೇಲ್‌ಗಳ ವಿರುದ್ಧ ನಿಂತ, ಸೋತ. 642ರಲ್ಲಿ ಸ್ಟ್ರಾತ್‌ಕ್ಯಾರನ್‌ನಲ್ಲಿ ಬ್ರಿಟನ್ನರ ಕೈಯಲ್ಲಿ ಸತ್ತ. ಭವಿಷ್ಯವಾಣಿಗೆ ಇದಕ್ಕಿಂತ ಗಟ್ಟಿ ಆಧಾರ ಬೇಕೆ?

ಮಾಗ್ ರಾಥ್‌ನಲ್ಲಿ ಡೊಮ್ನಾಲ್‌ನ ಜತೆಗಾರ ಅಲ್‌ಸ್ಟರ್‌ನ ಅರಸ ಕೊಂಗಾಲ್. ಜೇನುನೊಣ ಕಚ್ಚಿ ಒಂದು ಕಣ್ಣು ಕಳೆದುಕೊಂಡವನು. ಅಂಗವೈಕಲ್ಯ ಇದ್ದವನು ಅರಸನಾಗಿರಬಾರದು ಎಂಬುದು ಆ ನಾಡಿನ ಕಟ್ಟಳೆ. ಹೀಗೆ ಒಂದು ಹುಳು ಅವನಿಗೆ ಟಾರಾದ ಗದ್ದುಗೆ ತಪ್ಪಿಸಿತು. ಇದು ದಂತಕಥೆಯ ಪುಸ್ತಕದಲ್ಲಿರುವ ಮಾತಲ್ಲ. ಜೇನು ಸಾಕುವವರ ಹಕ್ಕು-ಹೊಣೆಗಳನ್ನು ಹೇಳುವ ಹಳೆಯ ಐರಿಶ್ ಕಾನೂನು ಗ್ರಂಥ ಇದನ್ನು ಪೂರ್ವನಿದರ್ಶನವಾಗಿ ಕೊಡುತ್ತದೆ. ಸಂತರ ಪವಾಡಗಳಿಗಿಂತ ಇಂಥ ಒಣ ಕಾನೂನು ಟಿಪ್ಪಣಿಯೇ ಕೆಲವೊಮ್ಮೆ ಹೆಚ್ಚು ಬೆರಗು ಹುಟ್ಟಿಸುತ್ತದೆ.

ಪಟ್ಟದ ಇನ್ನೊಂದು ಗುರುತು ಅರ್ಗೈಲ್‌ನ ಡುನಾಡ್ ಗುಡ್ಡದ ಮೇಲಿದೆ: ಬಂಡೆಯಲ್ಲಿ ಕೊರೆದ ಪಾದದ ಗುರುತು. ಹೊಸ ಅರಸ ಅದರೊಳಗೆ ಕಾಲಿಟ್ಟು ನೆಲದ ಒಡೆತನ ಸ್ವೀಕರಿಸುತ್ತಿದ್ದ ಎಂದು ಪ್ರತೀತಿ. ಈಗ ಪ್ರವಾಸಿಗರು ಕಾಲಿಟ್ಟು ಫೋಟೊ ತೆಗೆಸಿಕೊಳ್ಳುವುದು ಮೂಲದ ರಕ್ಷಣೆಗಾಗಿ ಮೇಲೆ ಹೊದಿಸಿದ ಅಚ್ಚಿನಲ್ಲಿ. ಬಂಡೆಗೆ ಸಂತನ ಅಗತ್ಯ ಇರಲಿಲ್ಲ. ಪುಸ್ತಕಕ್ಕೆ ಇತ್ತು.

ಅಡೋಮ್ನಾನನನ್ನು ಬರೀ ಮಠದ ವಕೀಲ ಎಂದು ತಳ್ಳಿಹಾಕುವಂತೆಯೂ ಇಲ್ಲ. 697ರಲ್ಲಿ ಐರ್ಲೆಂಡಿನ ಬಿರ್ ಎಂಬಲ್ಲಿ ಆತ ಒಂದು ಶಾಸನಕ್ಕೆ ಒಪ್ಪಿಗೆ ಪಡೆದ: ಯುದ್ಧದಲ್ಲಿ ಹೆಂಗಸರು, ಮಕ್ಕಳು, ಪಾದ್ರಿಗಳ ಮೇಲೆ ಕೈ ಮಾಡಿದವರಿಗೆ ದಂಡ. ಅದಕ್ಕೆ ಜಾಮೀನು ನಿಂತವರ ಪಟ್ಟಿಯಲ್ಲಿ 91 ಹೆಸರುಗಳಿವೆ. ಐರ್ಲೆಂಡಿನ ಬಿಷಪ್‌ಗಳು, ಮಠಾಧೀಶರು, ಅರಸರು, ಕೊನೆಗೆ ಪಿಕ್ಟ್ ಜನರ ಅರಸ ಬ್ರೂಡೆ ಕೂಡ. ಆಗಿನ ಟಾರಾದ ಅರಸ ಲೋಯಿಂಗ್‌ಸೆಖ್ ಅಡೋಮ್ನಾನನ ಕುಲದವನೇ ಆಗಿದ್ದದ್ದು ಕೆಲಸ ಸಲೀಸು ಮಾಡಿರಬೇಕು. ರಕ್ತಸಂಬಂಧದ ವಶೀಲಿ ಇಂಥದ್ದಕ್ಕೂ ಬಳಕೆಯಾಗುತ್ತಿತ್ತು.

ತನ್ನ ಕಥೆಯನ್ನು ತಾನೇ ಬರೆದವನು

ಇವರೆಲ್ಲರಿಗಿಂತ ಹಿಂದಿನವನು, ಐದನೆಯ ಶತಮಾನದ ಪ್ಯಾಟ್ರಿಕ್. ಅವನ ಕೈಬರಹದಿಂದ ಹೊರಟ ಎರಡು ಲ್ಯಾಟಿನ್ ಬರಹಗಳು ಪ್ರತಿಗಳಲ್ಲಿ ಉಳಿದಿರುವುದರಿಂದ ದಂತಕಥೆಯನ್ನು ಒರೆಗೆ ಹಚ್ಚಲು ಇಲ್ಲಿ ಅನುಕೂಲವಿದೆ. ಹದಿನಾರರ ವಯಸ್ಸಿನಲ್ಲಿ ಬ್ರಿಟನ್ನಿನಿಂದ ಅಪಹರಣ, ಆರು ವರ್ಷ ಐರ್ಲೆಂಡಿನಲ್ಲಿ ದನಕುರಿ ಕಾಯುವ ಜೀತ, ಪಲಾಯನ, ಮತ್ತೆ ಬಿಷಪ್ ಆಗಿ ಅದೇ ನೆಲಕ್ಕೆ ವಾಪಸು. ಅರಸರ ವಿಷಯಕ್ಕೆ ಬಂದರೆ ಅವನ ಮಾತು ಲೆಕ್ಕಪತ್ರದಷ್ಟು ನೇರ: ಅರಸರಿಗೆ ಕಾಣಿಕೆ ಕೊಡುತ್ತಿದ್ದೆ, ಜತೆಗೆ ಬರುವ ರಾಜಕುಮಾರರಿಗೂ ಹಣ ಕೊಡುತ್ತಿದ್ದೆ. ಅಷ್ಟಾದರೂ ಒಮ್ಮೆ ಹಿಡಿದು ಹದಿನಾಲ್ಕು ದಿನ ಸಂಕೋಲೆ ತೊಡಿಸಿದರು.

ಇದೇ ಮನುಷ್ಯ ಏಳನೆಯ ಶತಮಾನದ ಕೊನೆಗೆ ಮುಯಿರ್ಖು ಎಂಬ ಲೇಖಕನ ಕೈಗೆ ಸಿಕ್ಕಿದ್ದೇ ತಡ, ಸ್ಲೇನ್ ಗುಡ್ಡದ ಮೇಲೆ ಈಸ್ಟರ್ ಬೆಂಕಿ ಹೊತ್ತಿಸಿ ಟಾರಾದ ಅರಸ ಲೋಯಿಗರೆಯ ಮಂತ್ರವಾದಿಗಳನ್ನು ಬಗ್ಗುಬಡಿಯುತ್ತಾನೆ, ಅರಸ ಹೆದರಿ ಮತಾಂತರವಾಗುತ್ತಾನೆ. ಪ್ಯಾಟ್ರಿಕ್‌ನ ಸ್ವಂತ ಬರಹದಲ್ಲಿ ಟಾರಾ ಇಲ್ಲ, ಲೋಯಿಗರೆಯೂ ಇಲ್ಲ. ತಮಾಷೆ ಎಂದರೆ ಹೆಚ್ಚುಕಡಿಮೆ ಅದೇ ಕಾಲದ ಲೇಖಕ ತೀರೆಖಾನ್ ಬೇರೆಯೇ ಹೇಳುತ್ತಾನೆ. ಅವನ ಲೋಯಿಗರೆ ಮತಾಂತರಕ್ಕೆ ಒಪ್ಪುವುದೇ ಇಲ್ಲ. ಶಸ್ತ್ರ ಹಿಡಿದು ಶತ್ರುವಿಗೆ ಎದುರಾಗಿ ಟಾರಾದ ದಿಬ್ಬದಲ್ಲಿ ಹೂಳಿಸಿಕೊಳ್ಳಬೇಕೆಂದು ಅವನಪ್ಪ ಕಟ್ಟಪ್ಪಣೆ ಮಾಡಿದ್ದನಂತೆ. ಒಬ್ಬನೇ ಅರಸ, ಎರಡು ಅಂತ್ಯ. ಆದರೆ ಇಬ್ಬರು ಲೇಖಕರೂ ಒಂದೇ ಗುರಿಗೆ ದುಡಿದವರು: ಐರ್ಲೆಂಡಿನ ಇಗರ್ಜಿಗಳೆಲ್ಲ ಪ್ಯಾಟ್ರಿಕ್‌ನ ಪೀಠವಾದ ಆರ್ಮಾಕ್ಕೆ ತಲೆಬಾಗಬೇಕು. ಆರ್ಮಾಕ್ಕೆ ಎದುರಾಳಿಗಳೂ ಇದ್ದರು. ಕಿಲ್ಡೇರ್‌ನ ಕೊಗಿಟೋಸಸ್ ಬರೆದ ಸಂತ ಬ್ರಿಜಿಡಳ ಚರಿತೆಯಲ್ಲಿ ಆಕೆಯ ಮಠವೇ ಐರ್ಲೆಂಡಿನ ಇಗರ್ಜಿಗಳ ಶಿಖರ. ಬಿಷಪ್‌ನನ್ನು ಕರೆತಂದು ನೇಮಿಸಿಕೊಂಡವಳೂ ಆಕೆಯೇ.

ಪ್ಯಾಟ್ರಿಕ್ ಐರ್ಲೆಂಡಿನಿಂದ ಹಾವು ಓಡಿಸಿದ ಕಥೆಗೆ ಹೆಚ್ಚು ಸಮಯ ವ್ಯರ್ಥ ಮಾಡಬೇಕಿಲ್ಲ. ಐರ್ಲೆಂಡಿನಲ್ಲಿ ಹಾವಿಲ್ಲ ಎಂಬುದನ್ನು ಪ್ಯಾಟ್ರಿಕ್ ಹುಟ್ಟುವ ಮೊದಲೇ ರೋಮನ್ ಲೇಖಕ ಸೊಲಿನಸ್ ಬರೆದಿಟ್ಟಿದ್ದ.

ಬಿಷಪ್ಪನೇ ಅರಸನಾದರೆ

ಸಂತ ಒಂದು ಕಡೆ, ಅರಸ ಇನ್ನೊಂದು ಕಡೆ ಎಂಬ ಗೆರೆ ದಕ್ಷಿಣದ ಮನ್‌ಸ್ಟರ್ ರಾಜ್ಯದಲ್ಲಿ ಅಳಿಸಿಹೋಯಿತು. ಕ್ಯಾಶೆಲ್ ಬಂಡೆಯಿಂದ ಆಳಿದ ಫೆಯ್ಲಿಮಿಡ್ ಸನ್ಯಾಸಿಯ ಶಿಸ್ತಿನವನು ಎಂದು ಹೆಸರಾಗಿದ್ದ, ಕ್ಲೋನ್‌ಮಕ್‌ನಾಯ್ಸ್ ಮಠದ ಆಸ್ತಿಗೆ ಬೆಂಕಿ ಇಡಲೂ ಹಿಂಜರಿಯಲಿಲ್ಲ. 847ರಲ್ಲಿ ಸತ್ತಾಗ ಕ್ಲೋನ್‌ಮಕ್‌ನಾಯ್ಸ್‌ನವರು ಕಾರಣ ಸಿದ್ಧವಾಗಿಟ್ಟುಕೊಂಡಿದ್ದರು: ಮಠ ಸ್ಥಾಪಿಸಿದ, ಸತ್ತು ಮುನ್ನೂರು ವರ್ಷವಾಗಿದ್ದ ಸಂತ ಕಿಯರಾನ್ ಬಂದು ದಂಡದಿಂದ ಹೊಟ್ಟೆಗೆ ತಿವಿದ, ಆ ಒಳಪೆಟ್ಟು ವಾಸಿಯಾಗಲಿಲ್ಲ.

ಅದೇ ಕ್ಯಾಶೆಲ್‌ನಲ್ಲಿ 902ರಲ್ಲಿ ಗದ್ದುಗೆ ಏರಿದವನು ಕೊರ್ಮಾಕ್ ಮ್ಯಾಕ್ ಕುಲೆನಾನ್. ಬಿಷಪ್, ಪಂಡಿತ. ಕಠಿಣ ಐರಿಶ್ ಪದಗಳ ಹಳೆಯ ನಿಘಂಟೊಂದು ಅವನ ಹೆಸರಿನಲ್ಲಿದೆ. ಇವನ ಮಗ್ಗುಲಲ್ಲಿ ಫ್ಲಾಹೆರ್ಟಾಖ್ ಎಂಬ ಮಠಾಧೀಶ, ಯುದ್ಧದ ಹುಚ್ಚಿನವನು. ಈ ಪ್ರಸಂಗವನ್ನು ವಿಸ್ತಾರವಾಗಿ ಹೇಳುವ ಐರಿಶ್ ವೃತ್ತಾಂತವೊಂದರ ಪ್ರಕಾರ ಕೊರ್ಮಾಕ್‌ಗೆ ತನ್ನ ಸಾವು ಮೊದಲೇ ಗೊತ್ತಿತ್ತು, ಸಂಧಿಗೆ ಮನಸ್ಸಿತ್ತು. ದಂಡು ಸೇರುವಾಗ ಫ್ಲಾಹೆರ್ಟಾಖ್‌ನ ಕುದುರೆ ಹಳ್ಳಕ್ಕೆ ಬಿತ್ತು. ಅಪಶಕುನ ಎಂದು ಕೆಲವರು ಅಲ್ಲಿಂದಲೇ ಮನೆಗೆ ತಿರುಗಿದರು. ಮಠಾಧೀಶ ಜಗ್ಗಲಿಲ್ಲ.

908ರ ಸೆಪ್ಟೆಂಬರ್‌ನಲ್ಲಿ ಬೆಲಾಖ್ ಮುಗ್ನಾ ಎಂಬಲ್ಲಿ ಮನ್‌ಸ್ಟರ್ ದಂಡು ಟಾರಾದ ಅರಸ ಫ್ಲಾನ್ ಸಿನ್ನಾ ಮತ್ತು ಲೈನ್‌ಸ್ಟರ್‌ನವರ ಕೈಯಲ್ಲಿ ಮುರಿದುಬಿತ್ತು. ರಕ್ತದಿಂದ ಜಾರುತ್ತಿದ್ದ ನೆಲದಲ್ಲಿ ಕೊರ್ಮಾಕ್‌ನ ಕುದುರೆ ಹಿಂದಕ್ಕೆ ಮಗುಚಿತು, ಅವನ ಕತ್ತು ಮುರಿಯಿತು. ಯಾರೋ ತಲೆ ಕಡಿದು ಫ್ಲಾನ್‌ನ ಬಳಿಗೆ ಒಯ್ದರು. ಸೋತವನ ತಲೆಯನ್ನು ತೊಡೆಯಡಿ ಒತ್ತಿ ಕೂರುವುದು ಗೆದ್ದ ಅರಸರ ರೂಢಿಯಂತೆ. ಫ್ಲಾನ್ ಹಾಗೆ ಮಾಡದೆ ತಂದವರನ್ನು ಬೈದು, ಬಿಷಪ್‌ನ ತಲೆಗೆ ಮುತ್ತಿಟ್ಟು, ಮೂರು ಸುತ್ತು ಬಂದು ಗೌರವಿಸಿ ಕಳಿಸಿದ. ಕೊರ್ಮಾಕ್ ಸಂತರ ಸಾಲಿಗೆ ಸೇರಿದ. ಯುದ್ಧ ತಂದಿಟ್ಟ ಫ್ಲಾಹೆರ್ಟಾಖ್ ಸೆರೆಯಾಗಿ, ಬಿಡುಗಡೆಯಾಗಿ, 914ರಲ್ಲಿ ಮನ್‌ಸ್ಟರ್‌ನ ಅರಸನೇ ಆಗಿಬಿಟ್ಟ! ಇಂದು ಕ್ಯಾಶೆಲ್‌ನಲ್ಲಿ ಎಲ್ಲರೂ ನೋಡುವ ಸುಂದರ ಕೊರ್ಮಾಕ್ ಪ್ರಾರ್ಥನಾಲಯ ಆ ಬಿಷಪ್ ಕೊರ್ಮಾಕ್‌ನದಲ್ಲ. ಅದು 1134ರಲ್ಲಿ ಪ್ರತಿಷ್ಠಾಪನೆಯಾದದ್ದು, ಕೊರ್ಮಾಕ್ ಮ್ಯಾಕ್ ಕಾರ್ಥಿ ಎಂಬ ಬೇರೆ ಅರಸ ಕಟ್ಟಿಸಿದ್ದು.

ಮುತ್ತಿಟ್ಟ ಫ್ಲಾನ್‌ನ ಗುರುತು ಬೇಕಾದರೆ ಕ್ಲೋನ್‌ಮಕ್‌ನಾಯ್ಸ್‌ಗೆ ಹೋಗಬೇಕು. ಮಠಾಧೀಶ ಕೊಲ್ಮಾನ್‌ನ ಜತೆ ಸೇರಿ ಅವನು ನಿಲ್ಲಿಸಿದ ಸುಮಾರು ನಾಲ್ಕು ಮೀಟರ್ ಎತ್ತರದ ಕಲ್ಲಿನ ಶಿಲುಬೆ ಅಲ್ಲಿದೆ. ಮೂಲ ಈಗ ಒಳಾಂಗಣದಲ್ಲಿ, ಹೊರಗೆ ನಿಂತಿರುವುದು ಪ್ರತಿರೂಪ. ಅರಸನಿಗಾಗಿ ಪ್ರಾರ್ಥಿಸಿ ಎಂಬ ಬರಹ ಸವೆದರೂ ಓದಲು ಬರುತ್ತದೆ. ಒಂದು ಚೌಕದಲ್ಲಿ ಇಬ್ಬರು ಒಂದೇ ಕಂಬವನ್ನು ಹಿಡಿದು ನೆಲಕ್ಕೆ ಊರುತ್ತಿದ್ದಾರೆ. ಒಬ್ಬ ಕಿಯರಾನ್, ಇನ್ನೊಬ್ಬ ಡಿಯರ್ಮತ್ ಎನ್ನುತ್ತಾರೆ ಅನೇಕ ವಿದ್ವಾಂಸರು. ಮಠದ ಮೊದಲ ಕಂಬ ನೆಡಲು ಕೈಜೋಡಿಸಿದ್ದಕ್ಕೆ ಸಂತನ ಆಶೀರ್ವಾದದಿಂದ ಡಿಯರ್ಮತ್ ಟಾರಾದ ಅರಸನಾದ ಎಂಬುದು ಆ ಮಠದ ಕಥೆ. ಕೂಲ್ ಡ್ರೆಮ್ನೆಯಲ್ಲಿ ಕೊಲಂಬಾನ ಬಂಧುಗಳಿಗೆ ಸೋತ ಅದೇ ಡಿಯರ್ಮತ್‌ನನ್ನು ಫ್ಲಾನ್‌ನ ವಂಶ ಮೂಲಪುರುಷ ಎನ್ನುತ್ತಿತ್ತು. ಬಿಷಪ್ ಅರಸನೊಬ್ಬನ ತಲೆ ಉರುಳಿದ ಆಸುಪಾಸಿನ ವರ್ಷಗಳಲ್ಲಿ, ಕಲ್ಲಿನಲ್ಲಿ ಇಂಥದ್ದೊಂದು ಚಿತ್ರ ಇರುವುದು ಫ್ಲಾನ್‌ಗೆ ಅನುಕೂಲವೇ ಆಗಿತ್ತು.