ಪಿಯಾನೋ ಕಲಿಸಿದವಳು, ಎಣ್ಣೆ ಬಾವಿ ತೋಡಿಸಿದವಳು

‘ಉದ್ಯೋಗಂ ಪುರುಷ ಲಕ್ಷಣಂ’ ಎಂಬ ಮಾತು ಇಂದಿಗೆ ಸಲ್ಲುವುದೋ ಇಲ್ಲವೋ ಎಂಬ ವಿಷಯವಾಗಿ ನಮ್ಮ ಕಾಲೇಜಿನ ಚರ್ಚಾಕೂಟದಲ್ಲಿ ನಡೆದ ವಾದವು ವಾಚಕರಲ್ಲಿ ಅನೇಕರಿಗೆ ನೆನಪಿರಬಹುದು. ಸಲ್ಲದು ಎಂದು ವಾದಿಸಿ ಸೋತವಳು ನಾನು. “ಹಪ್ಪಳ, ಉಪ್ಪಿನಕಾಯಿಯ ವ್ಯಾಪಾರ ಇರಲಿ, ಎಣ್ಣೆ ಬಾವಿ ತೋಡಿಸಿದ ಹೆಂಗಸೊಬ್ಬಳನ್ನು ಹೆಸರಿಸಿರಿ ನೋಡೋಣ” ಎಂದು ಎದುರುಪಕ್ಷದ ಮಿತ್ರರು ಕೇಳಿದಾಗ ಸಭೆಯೆಲ್ಲ ನಕ್ಕಿತು. ನನ್ನಲ್ಲಿ ಉತ್ತರವಿರಲಿಲ್ಲ. ತಡವಾಗಿಯಾದರೂ ಆ ಉತ್ತರವನ್ನು ಈ ಲೇಖನದಲ್ಲಿ ಒಪ್ಪಿಸುತ್ತಿದ್ದೇನೆ.

ಆಕೆಯ ಹೆಸರು ಎಮ್ಮಾ ಸಮ್ಮರ್ಸ್. 1858ರಲ್ಲಿ ಅಮೆರಿಕದ ಕೆಂಟಕಿ ಸಂಸ್ಥಾನದಲ್ಲಿ ಹುಟ್ಟಿ, ಬೋಸ್ಟನ್ ನಗರದ ಸಂಗೀತ ವಿದ್ಯಾಲಯದಲ್ಲಿ ಪದವಿ ಪಡೆದು, ಮದುವೆಯ ನಂತರ ಕ್ಯಾಲಿಫೋರ್ನಿಯಾದ ಲಾಸ್ ಏಂಜಲೀಸಿಗೆ ಬಂದು ನೆಲೆಸಿದಳು. ಅಲ್ಲಿ ಆಕೆಯ ವೃತ್ತಿ ಪಿಯಾನೋ ವಾದ್ಯದ ಪಾಠ ಹೇಳುವುದು.

ಆ ಊರಿನ ನೆಲದಲ್ಲಿ ಅಲ್ಲಲ್ಲಿ ಕಪ್ಪು ಕೀಲು ತಾನಾಗಿಯೇ ಒಸರುತ್ತಿತ್ತು. 1892ರಲ್ಲಿ ಎಡ್ವರ್ಡ್ ಡೊಹಿನಿ ಎಂಬವನು ಜೊತೆಗಾರನೊಡನೆ ಅಂತಹ ಒಂದು ಎಡೆಯಲ್ಲಿ ಮೊದಲು ಗುದ್ದಲಿಯಿಂದ ಅಗೆದು, ಬಳಿಕ ನೀಲಗಿರಿ ಮರದ ಬೊಡ್ಡೆಯ ತುದಿಯನ್ನು ಚೂಪು ಮಾಡಿ ಕೊರೆದು ಎಣ್ಣೆಯನ್ನು ಕಂಡನು. ಕೆಲವೇ ವರ್ಷಗಳಲ್ಲಿ ಮನೆಗಳ ಹಿತ್ತಿಲುಗಳಲ್ಲಿ, ಹೂದೋಟಗಳಲ್ಲಿ ನೂರಾರು ಮರದ ಗೋಪುರಗಳು ಎದ್ದವು. ಊರಿನ ಅಂದವೂ ನೆಮ್ಮದಿಯೂ ಕೆಟ್ಟವೆಂಬುದನ್ನು ಇಲ್ಲಿ ಮರೆಮಾಚಲಾಗದು.

ಎಮ್ಮಾ ಪಾಠದಿಂದ ಉಳಿಸಿದ್ದ 700 ಡಾಲರುಗಳನ್ನು ಕೊಟ್ಟು ಮನೆಯ ಸಮೀಪದ ಒಂದು ಬಾವಿಯಲ್ಲಿ ಅರ್ಧ ಪಾಲು ಕೊಂಡಳು. ಕೊರೆಯುವ ಕೆಲಸವೆಂದರೆ ಹಣವನ್ನು ನುಂಗುವ ಕೆಲಸ. ಹಗ್ಗ ಹರಿಯುವುದು, ಕೊಳವೆ ಕುಸಿಯುವುದು, ಉಳಿ ಪಾತಾಳದಲ್ಲಿ ಸಿಕ್ಕಿಕೊಳ್ಳುವುದು, ಇವೆಲ್ಲಕ್ಕೂ ದುಡ್ಡು ಸುರಿಯಬೇಕು. ಆಕೆಯ ಸಾಲ ಬೆಳೆದು 10,000 ಡಾಲರನ್ನು ಮುಟ್ಟಿತು. ಆದರೂ ಆಕೆ ಹಿಂಜರಿಯಲಿಲ್ಲ. ಹಗಲು ಬಾವಿಗಳ ಮೇಲ್ವಿಚಾರಣೆ, ಸಂಜೆ ಪಿಯಾನೋ ಪಾಠ. ಪಾಠದ ಹಣ ಬಾವಿಗೆ ಆಸರೆ.

ಆದರೆ ಎಣ್ಣೆ ದೊರೆತ ಮಾತ್ರಕ್ಕೆ ಆಕೆ ಶ್ರೀಮಂತಳಾದಳೆಂದು ತಿಳಿಯಬಾರದು. ಎಣ್ಣೆ ನೂರಾರು ಜನರಿಗೆ ದೊರೆತಿತ್ತು. ಕಷ್ಟಕ್ಕೆ ಕಾರಣವೂ ಅದೇ ಆಯಿತು. ಎಲ್ಲರ ಬಾವಿಗಳೂ ಒಮ್ಮೆಗೇ ಸುರಿದವು. ಶೇಖರಿಸಿಡಲು ತೊಟ್ಟಿಗಳಿಲ್ಲದ ಸಣ್ಣ ಒಡೆಯರು ಒಬ್ಬರಿಗಿಂತ ಒಬ್ಬರು ಅಗ್ಗಕ್ಕೆ ಮಾರಿದರು. ಪೀಪಾಯಿಗೆ ಒಂದು ಡಾಲರಿಗೂ ಮೇಲಿದ್ದ ಬೆಲೆ ಕೆಲವೇ ಸೆಂಟುಗಳಿಗೆ ಇಳಿಯಿತು. ಒಂದು ಪೀಪಾಯಿ ಎಂದರೆ ಸುಮಾರು 159 ಲೀಟರು. ಅಷ್ಟು ಎಣ್ಣೆಗೆ ಅಷ್ಟೇ ಬೆಲೆ! ಬಹಳ ಮಂದಿ ಮುಳುಗಿದರು.

ಇಲ್ಲಿಯೇ ಎಮ್ಮಾಳ ಬುದ್ಧಿಯ ಹೆಚ್ಚಳವಿರುವುದು. ಎಲ್ಲರೂ ನೆಲದ ಕೆಳಗೆ ನೋಡುತ್ತಿದ್ದಾಗ ಆಕೆ ನೆಲದ ಮೇಲೆ ನೋಡಿದಳು. ಮೋಟಾರು ಗಾಡಿಗಳು ಇನ್ನೂ ಬಳಕೆಗೆ ಬಾರದ ಆ ಕಾಲದಲ್ಲಿ ಎಣ್ಣೆ ಯಾರಿಗೆ ಬೇಕು? ಕ್ಯಾಲಿಫೋರ್ನಿಯಾದಲ್ಲಿ ಕಲ್ಲಿದ್ದಲು ವಿರಳ. ಅದನ್ನು ದೂರದಿಂದ ತರಿಸಬೇಕಾಗಿತ್ತು. ಆದುದರಿಂದ ರೈಲು, ಟ್ರಾಮ್ ಕಂಪನಿಗಳಿಗೂ, ಕಾರ್ಖಾನೆ, ಹೋಟೆಲು, ಬಟ್ಟೆ ಒಗೆಯುವ ಉದ್ಯಮಗಳಿಗೂ ಬಾಯ್ಲರ್ ಉರಿಸಲು ಎಣ್ಣೆ ಬೇಕಾಗಿತ್ತು. ಅವರಿಗೆ ಬೇಕಾದುದು ಅಗ್ಗದ ಎಣ್ಣೆ ಮಾತ್ರವಲ್ಲ, ತಪ್ಪದೆ ಬರುವ ಎಣ್ಣೆ. ಎಮ್ಮಾ ತನ್ನ ಬಾವಿಗಳ ಎಣ್ಣೆಯ ಜೊತೆಗೆ ಇತರರ ಎಣ್ಣೆಯನ್ನೂ ಕೂಡಿಸಿ ಮಾರತೊಡಗಿದಳು. ಹನಿ ಹನಿ ಕೂಡಿದರೆ ಹಳ್ಳ ಎಂಬ ನಮ್ಮ ಗಾದೆ ಆಕೆಗೆ ತಿಳಿದಿರಲಿಲ್ಲ. ಅದರ ಅರ್ಥ ಮಾತ್ರ ಚೆನ್ನಾಗಿ ತಿಳಿದಿತ್ತು. 1900ರ ಹೊತ್ತಿಗೆ ಆ ನಗರದ ಹಳೆಯ ಎಣ್ಣೆ ಕ್ಷೇತ್ರದ ಉತ್ಪನ್ನದಲ್ಲಿ ಹೆಚ್ಚುಕಡಿಮೆ ಅರ್ಧ ಭಾಗ ಆಕೆಯ ಹಿಡಿತದಲ್ಲಿತ್ತು. ಜನ ಆಕೆಯನ್ನು ‘ಎಣ್ಣೆಯ ರಾಣಿ’ ಎಂದು ಕರೆದರು. ಒಬ್ಬರ ಕೈಯಲ್ಲಿ ಇಷ್ಟು ಹಿಡಿತವಿರುವುದು ಸಣ್ಣ ಒಡೆಯರಿಗೆ ಹಿತವೇ ಎಂಬ ಪ್ರಶ್ನೆಯನ್ನು ಅರ್ಥಶಾಸ್ತ್ರದ ವಿದ್ಯಾರ್ಥಿಗಳು ಕೇಳಬಹುದು, ಕೇಳಲೇಬೇಕು.

ಮತ್ತೊಂದು ಸಂಗತಿಯನ್ನು ಗಮನಿಸಬೇಕು. ಕ್ಯಾಲಿಫೋರ್ನಿಯಾದ ಸ್ತ್ರೀಯರಿಗೆ ಮತದಾನದ ಹಕ್ಕು ದೊರೆತದ್ದು 1911ರಲ್ಲಿ. ಒಂದು ನಗರದ ರೈಲು, ಕಾರ್ಖಾನೆಗಳಿಗೆ ಉರುವಲು ಒದಗಿಸುತ್ತಿದ್ದಾಕೆಗೆ ಆ ನಾಡಿನ ಶಾಸನಸಭೆಗೆ ಒಂದು ಮತ ಹಾಕುವ ಯೋಗ್ಯತೆ ಇಲ್ಲವೆಂದು ಕಾನೂನು ಅಷ್ಟು ವರ್ಷ ಹೇಳುತ್ತಿತ್ತು! ಆಕೆ 1941ರಲ್ಲಿ ತೀರಿಕೊಂಡಳು.

ಮಿತ್ರರ ಪ್ರಶ್ನೆಗೆ ಉತ್ತರ ದೊರೆಯಿತು. ಆದರೆ ಹುಡುಕುತ್ತಾ ಹೋದಂತೆ ನನ್ನ ತಪ್ಪೂ ನನಗೆ ಕಂಡಿತು. ಹಪ್ಪಳ, ಉಪ್ಪಿನಕಾಯಿ ಎಂದಾಗ ನಾನೂ ನಾಚಿ ತಲೆ ತಗ್ಗಿಸಿದ್ದೆ. ನಮ್ಮ ತಾಯಿ ಎರಡು ಹಸುಗಳ ಹಾಲನ್ನು ಡೈರಿಗೆ ಹಾಕಿ, ಹಿಂಡಿಯ ಬೆಲೆ, ಹಾಲಿನ ಬೆಲೆಗಳನ್ನು ಗೋಡೆಯ ಕ್ಯಾಲೆಂಡರಿನಲ್ಲಿ ದಿನವೂ ಗುರುತು ಹಾಕುತ್ತಾರೆ. ನನ್ನ ಕಾಲೇಜಿನ ಶುಲ್ಕ ಬಂದದ್ದು ಆ ಲೆಕ್ಕದಿಂದ. ಅದನ್ನು ಉದ್ಯೋಗವೆಂದು ಅಂದು ಸಭೆಯಲ್ಲಿ ಹೇಳಲು ನನಗೆ ತೋಚಲೇ ಇಲ್ಲ. ಉತ್ತರಕ್ಕಾಗಿ ಅಮೆರಿಕದವರೆಗೆ ಹೋಗಬೇಕಾಗಿರಲಿಲ್ಲ. ಹೋಗಿ ಬಂದುದರಿಂದಲೇ ಮನೆಯ ಗೋಡೆ ಕಣ್ಣಿಗೆ ಬಿತ್ತು.