ಎರಡು ಸೆಕೆಂಡಿಗೊಂದು

1991ರ ಸೆಪ್ಟೆಂಬರ್ 17ರಂದು ಅಮೆರಿಕದ ಗೆಫೆನ್ ಕಂಪನಿ ಗನ್ಸ್ ಎನ್ ರೋಸಸ್ ತಂಡದ ಎರಡು ಆಲ್ಬಂಗಳನ್ನು ಒಟ್ಟಿಗೇ ಅಂಗಡಿಗಿಳಿಸಿತು. ಮೊದಲ ವಾರದಲ್ಲೇ ಒಂದರ 7,70,000 ಪ್ರತಿ, ಇನ್ನೊಂದರ 6,85,000 ಪ್ರತಿ ಮಾರಿಹೋದವು. ಸರಿಯಾಗಿ ಒಂದು ವಾರ ಕಳೆದು, ಸೆಪ್ಟೆಂಬರ್ 24ರಂದು, ಅದೇ ಕಂಪನಿಯ ಡಿಜಿಸಿ ಲೇಬಲ್‌ನಿಂದ ನಿರ್ವಾಣ ಎಂಬ ಮೂವರ ತಂಡದ ‘ನೆವರ್‌ಮೈಂಡ್’ ಹೊರಬಂತು. ಇಡೀ ಅಮೆರಿಕದ ಅಂಗಡಿಗಳಿಗೆ ಕಳಿಸಿದ್ದು 46,000 ಚಿಲ್ಲರೆ ಪ್ರತಿ. ಎಲ್ಲ ಕೂಡಿಬಂದರೆ ಬರಬರುತ್ತಾ ಎರಡೂವರೆ ಲಕ್ಷ ಹೋದೀತು ಎಂಬುದು ಕಂಪನಿಯವರ ಆಸೆ. ಅದು ಬಾಯಿಗೆ ಬಂದ ಲೆಕ್ಕವೇನೂ ಅಲ್ಲ. ಅದೇ ಲೇಬಲ್‌ನ, ಹೆಚ್ಚುಕಡಿಮೆ ಅದೇ ಜಾಡಿನ ಸಾನಿಕ್ ಯೂತ್ ತಂಡದ ‘ಗೂ’ ಅಷ್ಟು ಮಾರಾಟವಾಗಿತ್ತು.

ಜಗತ್ತಿನಾದ್ಯಂತ ‘ನೆವರ್‌ಮೈಂಡ್’ ಮಾರಾಟ ಇಂದಿಗೆ 3 ಕೋಟಿ ದಾಟಿದೆ. ಆ 3 ಕೋಟಿಯ ಬಗ್ಗೆ ಬೇಕಾದಷ್ಟು ಜನ ಬರೆದಿದ್ದಾರೆ. ನನ್ನನ್ನು ಮತ್ತೆ ಮತ್ತೆ ಹಿಡಿದು ನಿಲ್ಲಿಸುವುದು ಆ 46,000. ಹಾಡು ಮಾರುವುದನ್ನೇ ಕಸುಬು ಮಾಡಿಕೊಂಡವರು, ತಮ್ಮ ಗೋದಾಮಿನಲ್ಲೇ ಇದ್ದ ಸರಕಿನ ಬಗ್ಗೆ, ತಾವು ಕಂಡ ಅತಿ ದೊಡ್ಡ ಕನಸಿಗಿಂತಲೂ ನೂರಿಪ್ಪತ್ತು ಪಟ್ಟು ತಪ್ಪಿದ್ದು ಹೇಗೆ?

ಮೊದಲು ಆ ಓಟವನ್ನು ನೋಡಿ. ಅಕ್ಟೋಬರ್ 12ರ ಬಿಲ್‌ಬೋರ್ಡ್ ಪಟ್ಟಿಯಲ್ಲಿ ‘ನೆವರ್‌ಮೈಂಡ್’ ಕಾಣಿಸಿಕೊಂಡದ್ದು 144ನೇ ಸ್ಥಾನದಲ್ಲಿ. ನವೆಂಬರ್ 2ಕ್ಕೆ 35. ಆ ತಿಂಗಳು ಮುಗಿಯುವುದರೊಳಗೆ 10 ಲಕ್ಷದ ಪ್ಲಾಟಿನಂ ಮನ್ನಣೆ. 1992ರ ಜನವರಿ 11ಕ್ಕೆ, ಅಂದರೆ ಪಟ್ಟಿಗೆ ಬಂದ ಹದಿಮೂರೇ ವಾರಕ್ಕೆ, ಮೈಕಲ್ ಜಾಕ್ಸನ್‌ನ ‘ಡೇಂಜರಸ್’ ಅನ್ನು ಕೆಳಗಿಳಿಸಿ ಒಂದನೇ ಸ್ಥಾನ. ಆ ಹೊತ್ತಿಗೆ ವಾರಕ್ಕೆ ಸುಮಾರು 3 ಲಕ್ಷ ಪ್ರತಿ ಹೋಗುತ್ತಿದ್ದವು. ಒಂದು ವಾರದಲ್ಲಿರುವುದು 6,04,800 ಸೆಕೆಂಡು. ಹಗಲೂ ರಾತ್ರಿ, ಅಂಗಡಿ ಮುಚ್ಚಿದ್ದ ಹೊತ್ತನ್ನೂ ಸೇರಿಸಿಕೊಂಡರೂ, ಎರಡು ಸೆಕೆಂಡಿಗೆ ಒಂದು ಪ್ರತಿ ಯಾರದೋ ಕೈ ಸೇರುತ್ತಿತ್ತು. ಸೆಪ್ಟೆಂಬರಿನಲ್ಲಿ ದೇಶಕ್ಕೆಲ್ಲ ಸಾಕೆಂದು ಕಳಿಸಿದ್ದ ಸರಕು ಜನವರಿಯ ಈ ವೇಗದಲ್ಲಿ ಇಪ್ಪತ್ತಾರು ಗಂಟೆಗೆ ಮುಗಿದುಹೋಗುತ್ತಿತ್ತು.

ಈ ಸದ್ದು ಹುಟ್ಟಿದ್ದು ಬಹಳ ಸಣ್ಣ ದುಡ್ಡಿನಲ್ಲಿ. ನಿರ್ವಾಣ ಕಟ್ಟಿದ ಕರ್ಟ್ ಕೋಬೇನ್ ಮತ್ತು ಕ್ರಿಸ್ಟ್ ನೊವೊಸೆಲಿಕ್ ಒಬ್ಬರಿಗೊಬ್ಬರು ಸಿಕ್ಕಿದ್ದು ವಾಷಿಂಗ್ಟನ್ ರಾಜ್ಯದ ಅಬರ್ಡೀನ್‌ನಲ್ಲಿ. ಮರದ ದಿಮ್ಮಿಯ ವ್ಯಾಪಾರವನ್ನೇ ನಂಬಿದ್ದ, ಸುಮಾರು 16,000 ಜನರ ಊರು. ಅವರ ಮೊದಲ ಆಲ್ಬಂ ‘ಬ್ಲೀಚ್’ ಅನ್ನು ಸಿಯಾಟಲ್‌ನಲ್ಲಿ ಜ್ಯಾಕ್ ಎಂಡಿನೋ ಧ್ವನಿಮುದ್ರಿಸಿಕೊಂಡ. ಸುಮಾರು ಮೂವತ್ತು ಗಂಟೆಯ ಕೆಲಸ. ಬಿಲ್ಲು 606 ಡಾಲರ್ 17 ಸೆಂಟ್, ಆಗಿನ ದರದಲ್ಲಿ ಹತ್ತು ಸಾವಿರ ರೂಪಾಯಿಗೂ ಕಡಿಮೆ. ಅಷ್ಟೂ ಅವರ ಹತ್ತಿರ ಇರಲಿಲ್ಲ. ಜೇಸನ್ ಎವರ್‌ಮನ್ ಎಂಬ ಗೆಳೆಯ ಕೊಟ್ಟ. ಅದರಲ್ಲಿ ಅವನು ಒಂದು ತಂತಿಯನ್ನೂ ಮೀಟಿಲ್ಲ, ಆದರೂ ಗಿಟಾರ್ ವಾದಕ ಎಂದು ಅವನ ಹೆಸರು ಹಾಕಿದರು. ಮುಂದೆ ಅವನು ಅಮೆರಿಕದ ಸೇನೆಗೆ ಸೇರಿ ವಿಶೇಷ ಪಡೆಯ ಸೈನಿಕನಾದ. ಆ 606 ಡಾಲರಿನ ಆಲ್ಬಂ ‘ನೆವರ್‌ಮೈಂಡ್’ ಬರುವ ತನಕ ಹೋದದ್ದು 40,000 ಪ್ರತಿ. ಆಮೇಲೆ ಅದೂ 10 ಲಕ್ಷ ದಾಟಿತು.

1990ರ ಏಪ್ರಿಲ್‌ನಲ್ಲಿ ವಿಸ್ಕಾನ್ಸಿನ್‌ನ ಮ್ಯಾಡಿಸನ್‌ನಲ್ಲಿದ್ದ ಬುಚ್ ವಿಗ್‌ನ ಸ್ಮಾರ್ಟ್ ಸ್ಟುಡಿಯೋದಲ್ಲಿ ಅವರು ಕೆಲವು ಹಾಡು ಹಾಡಿದರು. ಆ ಕ್ಯಾಸೆಟ್ಟಿನ ನಕಲುಗಳು ಕೈಯಿಂದ ಕೈಗೆ ದಾಟಿ ದೊಡ್ಡ ಕಂಪನಿಗಳ ಕಿವಿಗೆ ಬಿದ್ದವು. ಡಿಜಿಸಿ ಅವರನ್ನು ಹಳೆಯ ಲೇಬಲ್ ಸಬ್ ಪಾಪ್‌ನಿಂದ ಬಿಡಿಸಿಕೊಳ್ಳಲು 75,000 ಡಾಲರನ್ನೂ ಮುಂದಿನ ಮಾರಾಟದಲ್ಲಿ ಸಣ್ಣ ಪಾಲನ್ನೂ ಕೊಟ್ಟಿತು. ದಿವಾಳಿಯ ಅಂಚಿನಲ್ಲಿದ್ದ ಸಬ್ ಪಾಪ್ ಉಳಿದುಕೊಂಡದ್ದು ಆ ಸಣ್ಣ ಪಾಲಿನಿಂದ.

ಹೊಸ ಆಲ್ಬಂಗೆ ಮಂಜೂರಾದದ್ದು 65,000 ಡಾಲರ್. ಲಾಸ್ ಏಂಜಲೀಸ್‌ಗೆ ಹೋಗಲು ಪೆಟ್ರೋಲಿಗೆ ಕಾಸಿಲ್ಲ ಎಂದು 1991ರ ಏಪ್ರಿಲ್ 17ರಂದು ಸಿಯಾಟಲ್‌ನ ಓಕೆ ಹೋಟೆಲ್‌ನಲ್ಲಿ ಒಂದು ಕಾರ್ಯಕ್ರಮ ಕೊಟ್ಟರು. ‘ಸ್ಮೆಲ್ಸ್ ಲೈಕ್ ಟೀನ್ ಸ್ಪಿರಿಟ್’ ಹಾಡನ್ನು ಜನರೆದುರು ಹಾಡಿದ್ದು ಅಂದೇ ಮೊದಲು. ಆ ಹಾಡಿನ ವಿಡಿಯೋವನ್ನು ಯೂಟ್ಯೂಬ್‌ನಲ್ಲಿ ನೋಡಿದ ಲೆಕ್ಕ 2019ಕ್ಕೆ ನೂರು ಕೋಟಿ ಮುಟ್ಟಿತು. ಅಂದಿನ ರಾತ್ರಿ ಅದರ ಬೆಲೆ ಒಂದು ಗಾಡಿಗೆ ತುಂಬುವಷ್ಟು ಪೆಟ್ರೋಲು.

ಅವರು ಹೋದದ್ದು ಲಾಸ್ ಏಂಜಲೀಸ್‌ನ ವ್ಯಾನ್ ನೈಸ್‌ನಲ್ಲಿದ್ದ ಸೌಂಡ್ ಸಿಟಿ ಸ್ಟುಡಿಯೋಗೆ, ಆಗ ಅದು ಕಳೆಗುಂದಿದ ಜಾಗ. ಫ್ಲೀಟ್‌ವುಡ್ ಮ್ಯಾಕ್, ಟಾಮ್ ಪೆಟ್ಟಿ ಹಾಡಿಹೋಗಿದ್ದ ಕಾಲ ಹಿಂದೆ ಸರಿದಿತ್ತು. ಅಲ್ಲಿ ಉಳಿದಿದ್ದ ಸಂಪತ್ತು ಎರಡು. ಡ್ರಮ್ಸ್‌ನ ಪೆಟ್ಟನ್ನು ತುಂಬಿಕೊಂಡು ಹಿಂದಿರುಗಿಸುವ ದೊಡ್ಡ ಕೋಣೆ ಒಂದು. 1973ರಲ್ಲಿ 75,000 ಡಾಲರಿನ ಆಸುಪಾಸು ಕೊಟ್ಟು ಇಂಗ್ಲೆಂಡಿನಿಂದ ತರಿಸಿದ್ದ ನೀವ್ ಮಿಕ್ಸಿಂಗ್ ಕನ್ಸೋಲ್ ಇನ್ನೊಂದು. ಆ ಯಂತ್ರದ ಬೆಲೆಯೇ ಈ ಆಲ್ಬಂಗೆ ಮಂಜೂರಾದ ದುಡ್ಡಿಗಿಂತ ಹೆಚ್ಚು! ಮೇ ತಿಂಗಳಿಡೀ ಅಲ್ಲಿ ಕೆಲಸ ನಡೆಯಿತು. ‘ಟೀನ್ ಸ್ಪಿರಿಟ್’ ಅನ್ನು ಮೂರು ಸಲ ನುಡಿಸಿದರು, ಎರಡನೆಯದನ್ನು ಇಟ್ಟುಕೊಂಡರು. ಅದೇ ವರ್ಷ ಲಂಡನ್‌ನಲ್ಲಿ ಮೈ ಬ್ಲಡಿ ವ್ಯಾಲಂಟೈನ್ ತಂಡ ‘ಲವ್‌ಲೆಸ್’ ಎಂಬ ಒಂದು ಆಲ್ಬಂ ಮುಗಿಸಲು ಹತ್ತೊಂಬತ್ತು ಸ್ಟುಡಿಯೋ ಸುತ್ತಿ ಎರಡು ವರ್ಷಕ್ಕೂ ಮಿಕ್ಕಿ ತೆಗೆದುಕೊಂಡಿತ್ತು. ಎರಡೂ ನನಗೆ ಪ್ರಿಯವಾದ ಆಲ್ಬಂಗಳೇ. ಕಾಲ ಸುರಿದಷ್ಟೂ ಸಂಗೀತ ಬೆಳೆಯುತ್ತದೆ ಎಂದಾಗಲೀ, ಅವಸರವೇ ಜೀವಂತಿಕೆ ಎಂದಾಗಲೀ ಈ ಎರಡನ್ನು ಕೇಳಿದವರು ಹೇಳಲಾರರು.

ಮೂವರೇ ಇದ್ದ ತಂಡ ಹತ್ತು ಜನರ ಹಾಗೆ ಕೇಳಿಸುವುದಕ್ಕೆ, ಈ ಆಲ್ಬಂ ಅನ್ನೂ ಧ್ವನಿಮುದ್ರಿಸಿದ ಬುಚ್ ವಿಗ್‌ನ ಜಾಣತನ ಕಾರಣ. ಗಿಟಾರನ್ನು ಪದರದ ಮೇಲೆ ಪದರವಾಗಿ ನುಡಿಸಿದ, ಒಂದೇ ಸಾಲನ್ನು ಎರಡೆರಡು ಸಲ ಹಾಡಿಸಿ ಜೋಡಿಸಿದ. ಕೋಬೇನ್‌ಗೆ ಇದು ಮೋಸ ಎನಿಸುತ್ತಿತ್ತು. ಜಾನ್ ಲೆನನ್ ಕೂಡ ಹೀಗೇ ಮಾಡುತ್ತಿದ್ದ ಎಂದು ಹೇಳಿದ ಮೇಲೆ ಒಪ್ಪಿದ. ಡೇವ್ ಗ್ರೋಲ್ ತಂಡಕ್ಕೆ ಬಂದು ಆಗಿನ್ನೂ ವರ್ಷ ತುಂಬಿರಲಿಲ್ಲ. ಅವನ ಡ್ರಮ್ಸ್ ಇಲ್ಲದೆ ಈ ಆಲ್ಬಂ ಅನ್ನು ನಾನು ಊಹಿಸಿಕೊಳ್ಳಲಾರೆ. ಆದರೆ ‘ಪಾಲಿ’ ಹಾಡಿನ ತಾಳದ ಬಡಿತ ಅವನದಲ್ಲ. ಅದು ಮ್ಯಾಡಿಸನ್‌ನಲ್ಲಿ ಹಾಡಿದ ಹಳೆಯ ಮುದ್ರಣ, ಅಲ್ಲಿ ಕೇಳುವುದು ಹಿಂದಿನ ಡ್ರಮ್ಮರ್ ಚಾಡ್ ಚಾನಿಂಗ್‌ನ ಕೈ. ಕೋಟ್ಯಂತರ ಮನೆಗಳನ್ನು ಹೊಕ್ಕ ಆ ಆಲ್ಬಂನ ಹೊದಿಕೆಯಲ್ಲಿ ಅವನ ಹೆಸರಿಲ್ಲ. ಇದು ನನಗೆ ಇಂದಿಗೂ ನೋವಿನ ಸಂಗತಿ.

‘ಸಮ್‌ಥಿಂಗ್ ಇನ್ ದ ವೇ’ ಹಾಡಿಗೆ ತಂಡ ಎಷ್ಟು ಜೋರಾಗಿ ನುಡಿಸಿದರೂ ಕೂಡಿಬರಲಿಲ್ಲ. ಕೊನೆಗೆ ಕೋಬೇನ್ ಕನ್ಸೋಲ್ ಇದ್ದ ಕೋಣೆಗೇ ಬಂದು ಸೋಫಾದ ಮೇಲೆ ಒರಗಿ, ಗಿರವಿ ಅಂಗಡಿಯಲ್ಲಿ ಕೊಂಡಿದ್ದ, ಐದೇ ತಂತಿಯ ಹಳೆಯ ಗಿಟಾರ್ ಹಿಡಿದು, ಹೀಗಿರಬೇಕು ಎಂದು ಪಿಸುದನಿಯಲ್ಲಿ ಹಾಡಿ ತೋರಿಸಿದ. ವಿಗ್ ಟೆಲಿಫೋನ್ ತೆಗೆದಿಟ್ಟ, ಏಸಿ ಆರಿಸಿದ, ಬಾಗಿಲು ಹಾಕಿದ, ಅಲ್ಲೇ ಮೈಕು ಇಟ್ಟ. ‘ಲಿಥಿಯಂ’ನ ಒಂದು ಯತ್ನ ಕೆಟ್ಟಾಗ ಅದೇ ಕೋಬೇನ್ ಸಿಟ್ಟಿನಲ್ಲಿ ಗಿಟಾರ್ ಒಡೆಯುವವರೆಗೆ ಕಿರುಚಿ ಬಾರಿಸಿದ. ಟೇಪು ಓಡುತ್ತಲೇ ಇತ್ತು. ಅದನ್ನು ಆಲ್ಬಂನ ಕೊನೆಯಲ್ಲಿ, ಸುಮಾರು ಹತ್ತು ನಿಮಿಷದ ಮೌನದ ಆಚೆ, ಹೆಸರು ಹೇಳದೆ ಅಡಗಿಸಿಡುವುದೆಂದು ತೀರ್ಮಾನವಾಯಿತು. ಮಾಸ್ಟರಿಂಗ್‌ನಲ್ಲಿ ಅದು ಕೈಬಿಟ್ಟುಹೋಗಿ, ಮೊದಲ 20,000ದಷ್ಟು ಪ್ರತಿಗಳಲ್ಲಿ ಇಲ್ಲವೇ ಇಲ್ಲ. ಆಂಡಿ ವಾಲೇಸ್ ಮಿಕ್ಸಿಂಗ್ ಮುಗಿಸುವ ಹೊತ್ತಿಗೆ ಖರ್ಚು 1,20,000 ಡಾಲರ್ ದಾಟಿತ್ತು. ಹೊದಿಕೆಯ ಚಿತ್ರಕ್ಕೆ, ಸಿದ್ಧ ಫೋಟೋ ಒಂದರ ಬಾಡಿಗೆ ವರ್ಷಕ್ಕೆ 7,500 ಡಾಲರ್ ಎಂದಾಗ ದುಬಾರಿಯಾಯಿತೆಂದು ಬಿಟ್ಟು, ಪಾಸಡೀನಾದ ಈಜುಕೊಳದಲ್ಲಿ ನಾಲ್ಕು ತಿಂಗಳ ಕೂಸೊಂದರ ಫೋಟೋ ತೆಗೆಸಿದರು. ತಂದೆತಾಯಿಗೆ ಸಿಕ್ಕಿದ್ದು 200 ಡಾಲರ್. ಕೂಸಿನ ಒಪ್ಪಿಗೆ ಕೇಳುವ ಹಾಗಿರಲಿಲ್ಲ. ಮೂವತ್ತು ವರ್ಷ ಕಳೆದು, 2021ರಲ್ಲಿ, ಅವನು ಕೋರ್ಟಿನ ಮೆಟ್ಟಿಲು ಹತ್ತಿದ. 3 ಕೋಟಿ ಸಲ ಅಚ್ಚಾದ ತನ್ನ ಬೆತ್ತಲೆ ಚಿತ್ರದ ಜೊತೆ ಬದುಕುವುದು ಎಂಥದ್ದೆಂದು ಉಳಿದವರಿಗೆ ತಿಳಿಯುವುದು ಕಷ್ಟ.

ಇನ್ನು ಆ 46,000ಕ್ಕೆ ಬರುತ್ತೇನೆ. ಈ ಮೂವರು ವ್ಯಾನ್ ನೈಸ್‌ನಲ್ಲಿ ಬೆವರು ಸುರಿಸುತ್ತಿದ್ದ ಅದೇ ತಿಂಗಳು, 1991ರ ಮೇ 25ರ ಸಂಚಿಕೆಯಿಂದ, ಬಿಲ್‌ಬೋರ್ಡ್ ಪತ್ರಿಕೆ ಆಲ್ಬಂಗಳನ್ನು ಎಣಿಸುವ ರೀತಿಯನ್ನೇ ಬದಲಿಸಿತು. ಅಲ್ಲಿಯತನಕ ಅಂಗಡಿಯವರನ್ನು ಕೇಳಿ, ಅವರು ಚೆನ್ನಾಗಿ ಹೋಗುತ್ತಿದೆ ಎಂದದ್ದನ್ನು ಕಲೆಹಾಕಿ ಪಟ್ಟಿ ಮಾಡುತ್ತಿದ್ದರು. ಅವರ ಬಾಯಲ್ಲಿ ಬರುತ್ತಿದ್ದದ್ದು ಅವರಿಗೆ ಮೊದಲೇ ಗೊತ್ತಿದ್ದ ಹೆಸರುಗಳು. ಸೌಂಡ್‌ಸ್ಕ್ಯಾನ್ ಬಂದ ಮೇಲೆ ಗಲ್ಲಾದಲ್ಲಿ ಬಾರ್‌ಕೋಡ್ ಓದಿದ ಪ್ರತಿಯೊಂದು ಮಾರಾಟವೂ ಲೆಕ್ಕಕ್ಕೆ ಬಂತು. ಜೂನ್‌ನಲ್ಲೇ ಎನ್‌ಡಬ್ಲ್ಯುಎ ಎಂಬ ರ‍್ಯಾಪ್ ತಂಡ ಒಂದನೇ ಸ್ಥಾನಕ್ಕೇರಿತು. ಹಳ್ಳಿಗಾಡಿನ ಕಂಟ್ರಿ ಗಾಯಕರು ಧಿಡೀರನೆ ಮೇಲೆದ್ದರು. ಜನ ಹೊಸದಾಗಿ ಕೇಳತೊಡಗಿದ್ದರು ಎಂದಲ್ಲ, ಕೇಳುತ್ತಿದ್ದದ್ದು ಈಗ ಕಣ್ಣಿಗೆ ಬಿತ್ತು.

ನಿರ್ವಾಣದ ಕೇಳುಗರೂ ಒಂದೇ ಚಳಿಗಾಲದಲ್ಲಿ ಉದ್ಭವಿಸಿದವರಲ್ಲ. ಹತ್ತು ವರ್ಷಗಳಿಂದ ಬ್ಲ್ಯಾಕ್ ಫ್ಲ್ಯಾಗ್, ಹಸ್ಕರ್ ಡೂ ಥರದ ತಂಡಗಳು ವ್ಯಾನಿನಲ್ಲಿ ಮಲಗಿ, ಊರೂರಿನ ನೆಲಮಾಳಿಗೆಗಳಲ್ಲಿ ನೂರಿನ್ನೂರು ಜನಕ್ಕೆ ನುಡಿಸುತ್ತಾ ದೇಶ ಸುತ್ತಿದ್ದವು. ಕಾಲೇಜು ರೇಡಿಯೋಗಳಲ್ಲಿ ವಿದ್ಯಾರ್ಥಿಗಳು ಸಂಬಳವಿಲ್ಲದೆ ಕೂತು ಅವರ ರೆಕಾರ್ಡು ಹಾಕುತ್ತಿದ್ದರು. ಜೆರಾಕ್ಸ್ ಮಾಡಿದ ಪುಟ್ಟ ಪತ್ರಿಕೆಗಳು ಅಂಚೆಯಲ್ಲಿ ಓಡಾಡುತ್ತಿದ್ದವು. 1980ರಲ್ಲಿ ಹುಟ್ಟಿ ಅದೇ ಕಾಲೇಜು ರೇಡಿಯೋಗಳಲ್ಲಿ ಬೆಳೆದ ಆರ್‌ಇಎಂ ತಂಡ 1991ರ ಮೇನಲ್ಲಿ ಒಂದನೇ ಸ್ಥಾನ ಮುಟ್ಟಿತ್ತು. ಬಾಗಿಲು ಅರ್ಧ ತೆರೆದೇ ಇತ್ತು. ಕಂಪನಿಯ 46,000 ಎಂಬ ಅಂಕಿ ಈ ಜನರ ಸಂಖ್ಯೆಯಾಗಿರಲಿಲ್ಲ; ಈ ಜನರನ್ನು ಒಮ್ಮೆಯೂ ಎಣಿಸದವರ ಅಂದಾಜಾಗಿತ್ತು. ಎಂಟಿವಿಯಲ್ಲಿ ‘ಟೀನ್ ಸ್ಪಿರಿಟ್’ನ ವಿಡಿಯೋ ಬಂದಾಗ ಅದು ಅಪರಿಚಿತರನ್ನು ಗೆದ್ದಿತು ನಿಜ. ಆದರೆ ಮೊದಲ ವಾರಗಳಲ್ಲಿ ಅಂಗಡಿ ಬರಿದು ಮಾಡಿದವರು ವರ್ಷಗಟ್ಟಲೆ ಕಾದಿದ್ದವರು ಎಂದೇ ನಾನು ನಂಬಿದ್ದೇನೆ.

ಅಡಗಿಸಿಟ್ಟ ಹಾಡನ್ನು ಬಿಟ್ಟರೆ ‘ನೆವರ್‌ಮೈಂಡ್’ ಇರುವುದು 42 ನಿಮಿಷ ಚಿಲ್ಲರೆ. 3 ಕೋಟಿ ಪ್ರತಿಯನ್ನೂ ಒಂದಾದ ಮೇಲೊಂದರಂತೆ ಒಂದೊಂದೇ ಸಲ ನುಡಿಸಿದರೆ 126 ಕೋಟಿ ನಿಮಿಷ, ಅಂದರೆ ಸುಮಾರು 2,400 ವರ್ಷ ಬೇಕು. ಇಂದು ಮುಗಿಯಬೇಕಿದ್ದರೆ, ಮಸ್ಕಿಯ ಬಂಡೆಯ ಮೇಲೆ ಅಶೋಕ ಅಕ್ಷರ ಕೆತ್ತಿಸುವುದಕ್ಕೂ ನೂರು ವರ್ಷ ಮೊದಲೇ ಶುರುಮಾಡಿರಬೇಕಿತ್ತು. ಯಾರೂ ಇದನ್ನು ಒಂದು ಸಲ ಕೇಳಿ ಸುಮ್ಮನಾಗಲಿಲ್ಲ ಎಂಬುದನ್ನೂ ನೆನಪಿಡಬೇಕು.

ಈ ಗಾತ್ರವನ್ನು ಹೊತ್ತುಕೊಳ್ಳಬೇಕಾಗಿ ಬಂದದ್ದು ಇಪ್ಪತ್ನಾಲ್ಕು ವರ್ಷದ ಹುಡುಗನಿಗೆ. ಆಲ್ಬಂ ಮುಗಿಸಿ ತಾನು ವಾಸವಿದ್ದ ಒಲಿಂಪಿಯಾ ನಗರಕ್ಕೆ ಮರಳಿದಾಗ ಅವನನ್ನು ಬಾಡಿಗೆ ಮನೆಯಿಂದ ಹೊರಹಾಕಿದ್ದರು. ‘ನೆವರ್‌ಮೈಂಡ್’ ಕಾರ್ಖಾನೆಯಲ್ಲಿ ಅಚ್ಚಾಗುವ ದಿನಗಳಲ್ಲಿ ಕೋಬೇನ್ ತನ್ನ ಕಾರಿನಲ್ಲಿ ಮಲಗುತ್ತಿದ್ದ. ಆಮೇಲೆ ನಡೆದದ್ದು ಎಲ್ಲರಿಗೂ ಗೊತ್ತು. 1994ರ ಏಪ್ರಿಲ್ 5ರಂದು, ಇಪ್ಪತ್ತೇಳನೇ ವಯಸ್ಸಿಗೆ, ಅವನು ತನ್ನ ಪ್ರಾಣ ಕಳೆದುಕೊಂಡ. ಬಿಡುಗಡೆಯ ದಿನದಿಂದ ಅಲ್ಲಿಗೆ 924 ದಿನ. ಅವನ ಸಾವಿಗೆ ಆಲ್ಬಂನ ಯಶಸ್ಸನ್ನೇ ಕಾರಣ ಮಾಡುವವರಿದ್ದಾರೆ. ನನಗೆ ಅದು ಒಪ್ಪಿಗೆಯಿಲ್ಲ. ಹೊಟ್ಟೆನೋವು, ಹೆರಾಯಿನ್, ಖಿನ್ನತೆ ಅವನ ಜೊತೆ ಮೊದಲಿನಿಂದ ಇದ್ದವು. ಆದರೆ ಎರಡು ಸೆಕೆಂಡಿಗೊಬ್ಬ ಅಪರಿಚಿತ ಬಂದು ಬಾಗಿಲು ತಟ್ಟುವ ಬದುಕಿಗೆ ಅವನು ಸಿದ್ಧನಾಗಿರಲಿಲ್ಲ ಎಂಬುದಂತೂ ಸತ್ಯ.

ಆ 924 ದಿನಗಳ ನಡುವೆ ಅವರು ಇನ್ನೊಂದು ಆಲ್ಬಂ ಮಾಡಿದರು. ಅದನ್ನು ಧ್ವನಿಮುದ್ರಿಸಲು ಕರೆದದ್ದು ಷಿಕಾಗೋದ ಸ್ಟೀವ್ ಆಲ್ಬಿನಿಯನ್ನು. ಒಪ್ಪುವ ಮೊದಲು ಅವನು ತಂಡಕ್ಕೊಂದು ದೀರ್ಘ ಪತ್ರ ಬರೆದ. ವಾಡಿಕೆಯಂತೆ ಒಂದೋ ಒಂದೂವರೆಯೋ ಶೇಕಡಾ ರಾಯಲ್ಟಿ ಕೇಳಿದರೆ, 30 ಲಕ್ಷ ಪ್ರತಿಗೆ ತನಗೆ ಸುಮಾರು 4 ಲಕ್ಷ ಡಾಲರ್ ಬರುತ್ತದೆ ಎಂದು ತಾನೇ ಲೆಕ್ಕ ಹಾಕಿ ತೋರಿಸಿ, ಅದು ಬೇಡ ಎಂದ. ಹಾಡು ತಂಡದ್ದು, ತನಗೆ ನಲ್ಲಿ ರಿಪೇರಿ ಮಾಡುವವನಿಗೆ ಕೊಡುವ ಹಾಗೆ ಕೆಲಸಕ್ಕೆ ಇಷ್ಟೆಂದು ಕೂಲಿ ಕೊಟ್ಟರೆ ಸಾಕು ಎಂಬುದು ಅವನ ವಾದ. 1993ರ ಫೆಬ್ರುವರಿಯಲ್ಲಿ ಮಿನೆಸೋಟಾದ ಪ್ಯಾಕಿಡರ್ಮ್ ಸ್ಟುಡಿಯೋದಲ್ಲಿ ಎರಡು ವಾರದೊಳಗೆ ಕೆಲಸ ಮುಗಿಯಿತು. ಅವನು ಪಡೆದದ್ದು ಒಮ್ಮೆ ಕೊಟ್ಟ 1,00,000 ಡಾಲರ್. ‘ಇನ್ ಯೂಟರೋ’ ಮೊದಲ ವಾರದಲ್ಲಿ 1,80,000 ಪ್ರತಿ ಮಾರಾಟವಾಗಿ ನೇರವಾಗಿ ಒಂದನೇ ಸ್ಥಾನದಲ್ಲಿ ಕೂತಿತು. 2024ರ ಮೇನಲ್ಲಿ ತೀರಿಕೊಳ್ಳುವವರೆಗೂ ಆಲ್ಬಿನಿ ತಾನು ಧ್ವನಿಮುದ್ರಿಸಿದ ತಂಡಗಳಿಂದ ರಾಯಲ್ಟಿ ಮುಟ್ಟಲಿಲ್ಲ.