ಬದು ಜಗಳ: ಪೊಲೀಸರು ದೂರು ತಗೊಳ್ಳದಿದ್ರೆ ಏನು ಮಾಡೋದು?

ಹೋದ ಮುಂಗಾರಲ್ಲಿ ಪಕ್ಕದ ಜಮೀನಿನವರು ನನ್ನ ನುಗ್ಗೆ ತೋಟಕ್ಕೆ ನುಗ್ಗಿ, ಬದು ಕಿತ್ತು, ಒಂದು ಸಾಲು ಗಿಡ ಕಡಿದರು. ಕೇಳೋಕೆ ಹೋದ್ರೆ ಮಚ್ಚು ತೋರಿಸಿದರು. ಠಾಣೆಯಲ್ಲಿ ಸಿಕ್ಕ ಉತ್ತರ: ‘ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ.’

ತಪ್ಪು ನನ್ನದೂ ಇತ್ತು. ದೂರಿನ ತುಂಬಾ ಪಹಣಿ, ಸರ್ವೆ ನಂಬರ್ ಕಥೆಯೇ. ಮಚ್ಚಿನ ವಿಷಯ ಕೊನೇ ಸಾಲಲ್ಲಿ. ಗಡಿ ಎಲ್ಲಿ ಅನ್ನೋದು ಸಿವಿಲ್. ನುಗ್ಗಿದ್ದು, ಬೆದರಿಸಿದ್ದು ಕ್ರಿಮಿನಲ್. ಎರಡನ್ನೂ ಬೇರೆ ಮಾಡಿ ಬರೆಯಿರಿ.

ಪೊಲೀಸ್ ದಾರಿ: ಬರೀ ಬೆದರಿಕೆ (ಬಿಎನ್‌ಎಸ್ 351) ಅಂದ್ರೆ ಸಾಮಾನ್ಯವಾಗಿ ಎನ್‌ಸಿಆರ್ ಅಷ್ಟೇ, ತನಿಖೆಗೆ ಮ್ಯಾಜಿಸ್ಟ್ರೇಟ್ ಅನುಮತಿ ಬೇಕು. ಆದರೆ ಅತಿಕ್ರಮ ಪ್ರವೇಶ (329) ಎಫ್‌ಐಆರ್ ಆಗುವ ಅಪರಾಧ. ದಿನಾಂಕ, ಸಮಯ, ಆಡಿದ ಮಾತು, ಸಾಕ್ಷಿ, ಫೋನಿನ ವಿಡಿಯೋ ಎಲ್ಲ ಸೇರಿಸಿ, ಸ್ವೀಕೃತಿ ಕೇಳಿ ಪಡೆಯಿರಿ.

ಎಫ್‌ಐಆರ್ ಹಾಕದಿದ್ರೆ ಬಿಎನ್‌ಎಸ್‌ಎಸ್ 173(4)ರ ಪ್ರಕಾರ ಅದೇ ದೂರನ್ನು ಎಸ್‌ಪಿಗೆ ಅಂಚೆಯಲ್ಲಿ ಕಳಿಸಿ. ಅಲ್ಲೂ ಆಗದಿದ್ರೆ ಪ್ರಮಾಣಪತ್ರದ ಜೊತೆ ಮ್ಯಾಜಿಸ್ಟ್ರೇಟ್ ಮುಂದೆ ಅರ್ಜಿ.

ಸಿವಿಲ್ ದಾರಿ: ಹದ್ದುಬಸ್ತು ಸರ್ವೆಗೆ ಅರ್ಜಿ ಹಾಕಿ, ವಕೀಲರ ಮೂಲಕ ತಾತ್ಕಾಲಿಕ ತಡೆಯಾಜ್ಞೆ ಕೇಳಿ. ಜಮೀನಿಂದ ಹೊರಹಾಕಿದ್ದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 6ರಡಿ 6 ತಿಂಗಳೊಳಗೆ ದಾವೆ ಹೂಡಬೇಕು. ದುಡ್ಡಿಲ್ಲದಿದ್ರೆ ಉಚಿತ ಕಾನೂನು ನೆರವಿಗೆ 15100ಕ್ಕೆ ಫೋನ್ ಮಾಡಿ.

ಎಸ್‌ಪಿಗೆ ಸ್ಪೀಡ್ ಪೋಸ್ಟ್ ಹೋದ ವಾರದಲ್ಲೇ ಠಾಣೆಯಿಂದ ನನಗೆ ಕರೆ ಬಂತು. ಗಡಿ ಕೇಸು ಇನ್ನೂ ನಡೀತಿದೆ. ಆದ್ರೆ ಈಗ ತೋಟಕ್ಕೆ ಒಬ್ಬನೇ ಹೋಗ್ತೀನಿ.

ಮಚ್ಚು ಕಂಡ ಕ್ಷಣ ಮಾತ್ರ ವಾದ ಬೇಡ. ಹಿಂದೆ ಸರಿದು 112ಕ್ಕೆ ಫೋನ್ ಮಾಡಿ.